ಮನದ ಬೇನೆಗೆ ಮನೆಯ ಬಳಿಯೇ ಮದ್ದು

ಮಡಿವಾಳದ ಮಾರುಕಟ್ಟೆಯಿಂದ ಹೊಸೂರು ರಸ್ತೆಯಲ್ಲಿ ಕೆಲವೇ ಕಿಲೋಮೀಟರ್ ಸಾಗಿದರೆ ನಿಮ್ಹಾನ್ಸ್ ಸಂಸ್ಥೆ ಇದೆ. ದೇಶದ ನಾನಾ ಕಡೆಗಳಿಂದ ರೋಗಿಗಳು ಅಲ್ಲಿಗೆ ಬರುತ್ತಾರೆ. ಆದರೆ ಮೂಟೆ ಹೊರುವ ಕೂಲಿಕಾರನಿಗೆ, ಮನೆಗೆಲಸಕ್ಕೆ ಹೋಗುವ ತಾಯಿಗೆ ಆ ದಾರಿ ಇಂದಿಗೂ ದೂರವೇ. ಸರದಿಯಲ್ಲಿ ಕುಳಿತರೆ ಆ ದಿನದ ಕೂಲಿ ಇಲ್ಲ. ನೆರೆಯವರು ಕಂಡರೆ 'ಹುಚ್ಚು' ಎಂಬ ಹಣೆಪಟ್ಟಿ ತಪ್ಪದು. ಹೀಗಾಗಿ ಎಷ್ಟೋ ಮಂದಿ ಅರ್ಧದಲ್ಲಿಯೇ ಔಷಧಿ ಬಿಡುತ್ತಾರೆ, ಬೇನೆ ಮರುಕಳಿಸುತ್ತದೆ.

ಈ ಅಂತರವನ್ನು ನೀಗುವ ಬಗೆಯನ್ನು ದೇಶಕ್ಕೆ ತೋರಿಸಿಕೊಟ್ಟದ್ದು ನಮ್ಮ ನಾಡೇ. 1974ರಲ್ಲಿ ಮಾನಸಿಕ ಆಸ್ಪತ್ರೆಯೂ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಯೂ ಒಂದುಗೂಡಿ ನಿಮ್ಹಾನ್ಸ್ ರೂಪುಗೊಂಡಿತು. ಆ ದಶಕದಲ್ಲಿಯೇ ಅಲ್ಲಿನ ವೈದ್ಯರು ಬೆಂಗಳೂರಿನ ದಕ್ಷಿಣಕ್ಕಿರುವ ಸಕಲವಾರದಲ್ಲಿ ಗ್ರಾಮೀಣ ಕೇಂದ್ರ ತೆರೆದು, ಪ್ರಾಥಮಿಕ ಆರೋಗ್ಯ ಕೇಂದ್ರಗಳ ವೈದ್ಯರಿಗೂ ಆರೋಗ್ಯ ಕಾರ್ಯಕರ್ತರಿಗೂ ತರಬೇತಿ ನೀಡತೊಡಗಿದರು. 1980ರ ದಶಕದಲ್ಲಿ ಇದೇ ಕ್ರಮವನ್ನು ಇಡೀ ಬಳ್ಳಾರಿ ಜಿಲ್ಲೆಗೆ ವಿಸ್ತರಿಸಲಾಯಿತು. ಸಾಮಾನ್ಯ ವೈದ್ಯರೇ ರೋಗ ಗುರುತಿಸಿ ಕೆಲವೇ ಅಗತ್ಯ ಔಷಧಿಗಳನ್ನು ಕೊಡಬಲ್ಲರು ಎಂಬುದು ಅಲ್ಲಿ ರುಜುವಾತಾಯಿತು. ಅದನ್ನೇ ಮಾದರಿಯಾಗಿಟ್ಟುಕೊಂಡು 1996ರಲ್ಲಿ ಕೇಂದ್ರ ಸರ್ಕಾರ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮವನ್ನು ಆರಂಭಿಸಿತು.

ಹಳ್ಳಿಗಾಗಿ ರೂಪುಗೊಂಡ ಈ ಉಪಾಯ ನಗರದ ಗಲ್ಲಿಗಳಿಗೂ ಅಷ್ಟೇ ಅಗತ್ಯವೆಂಬುದು ನಮ್ಮ ಅಭಿಪ್ರಾಯ. ಕೈಗೆಟುಕುವ ವೆಚ್ಚದಲ್ಲಿ, ಸಮೀಪದಲ್ಲಿಯೇ ಮಾನಸಿಕ ಚಿಕಿತ್ಸೆ ದೊರೆಯುವುದು ಪ್ರತಿಯೊಬ್ಬರ ಹಕ್ಕೆಂದು 2017ರ ಮಾನಸಿಕ ಆರೋಗ್ಯ ರಕ್ಷಣಾ ಕಾಯ್ದೆ ಸಾರಿದೆ. ಆದುದರಿಂದ ಬಡಾವಣೆಯ 'ನಮ್ಮ ಕ್ಲಿನಿಕ್'ಗಳಲ್ಲಿ ವಾರಕ್ಕೊಂದು ಸಂಜೆ, ಕೂಲಿಯವರು ಕೆಲಸ ಮುಗಿಸಿ ಬರುವ ಹೊತ್ತಿನಲ್ಲಿ, ಮಾನಸಿಕ ಚಿಕಿತ್ಸೆಗೆ ಸಮಯ ಮೀಸಲಿಡಬೇಕು. ನಿತ್ಯದ ಔಷಧಿ ಅಲ್ಲಿಯೇ ಸಿಗಬೇಕು. ಜ್ವರಕ್ಕೆ ಬಂದವರ ಸಾಲಿನಲ್ಲಿಯೇ ಮನದ ಬೇನೆಯವರೂ ನಿಂತರೆ ಲಜ್ಜೆಯೂ ತಾನಾಗಿ ಕಡಿಮೆಯಾದೀತು.

ಸರ್ಕಾರ ಮಾಡಬೇಕಾದುದು ಇಷ್ಟಾದರೆ ನಮ್ಮ ಪಾಲಿನದೂ ಉಂಟು. ನಿದ್ದೆಗೆಟ್ಟು, ಮಾತು ಬಿಟ್ಟು, ಮಂಕಾಗಿ ಕುಳಿತ ನೆರೆಯವರನ್ನು ಮಾತನಾಡಿಸೋಣ. ವೈದ್ಯರನ್ನು ಕೇಳದೆ ಔಷಧಿ ನಿಲ್ಲಿಸದಂತೆ ತಿಳಿಹೇಳೋಣ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲಿರುಳೆನ್ನದೆ ಉಚಿತವಾಗಿ ಕರೆ ಮಾಡಬಹುದು, ಕನ್ನಡದಲ್ಲಿಯೇ ಮಾತನಾಡಬಹುದು. ಆಸ್ಪತ್ರೆಗೆ ಒಬ್ಬರೇ ಹೋಗಲು ಅಂಜುವವರಿದ್ದರೆ ಅವರ ಜೊತೆಗೆ ಹೋಗಿ ಬರೋಣ.