ಗಣಿತಜ್ಞರ ಗುಪ್ತಕೂಟ ಮತ್ತು ನಮ್ಮ ಮುತ್ಯಾನ ತೊಗರಿ ಹೊಲ

ನನ್ನ ರೂಮ್‌ಮೇಟ್ ಒಬ್ಬ ಈಗ ಒಂದು ವೆಬ್ ಕಾದಂಬರಿಯ ಹುಚ್ಚು ಹಿಡಿಸಿಕೊಂಡಿದ್ದಾನೆ. ಅದರಲ್ಲಿ ಗಣಿತಜ್ಞರದೇ ಒಂದು ಗುಪ್ತಕೂಟ ಇದೆಯಂತೆ. ಅವರು ಬೋರ್ಡ್ ಮೇಲೆ ಒಂದು ಸಮೀಕರಣ ಬರೆದರೆ ಸಾಕು, ಹೊರಗಿನ ಜಗತ್ತು ಅದಕ್ಕೆ ತಕ್ಕಂತೆ ಬದಲಾಗಿಬಿಡುತ್ತೆ. ಇದ್ದ ನದಿ ಇಲ್ಲವಾಗುತ್ತೆ, ಇಲ್ಲದ ಊರು ಹುಟ್ಟುತ್ತೆ. "ಎಂಥಾ ಇಮ್ಯಾಜಿನೇಷನ್ ನೋಡಲೇ!" ಅಂದ. ನಾನು ಅಂದೆ, "ಇದ್ರಾಗೇನದ ಲೇ ಇಮ್ಯಾಜಿನೇಷನ್? ನಮ್ಮ ಜೇವರ್ಗಿಗೆ ಬಾ, ತೋರಸ್ತೀನಿ."

ಜೋಕ್ ಅಲ್ಲ ಫ್ರೆಂಡ್ಸ್. ಹೋದ ರಜೆಯಲ್ಲಿ ಊರಿಗೆ ಹೋದಾಗ ನಮ್ಮ ಮುತ್ಯಾನ ತೊಗರಿ ಹೊಲಕ್ಕೆ ನೆಟೆ ರೋಗ ಬಿದ್ದಿತ್ತು. ಹೂ ಬಿಡೋ ಹೊತ್ತಿಗೆ ಗಿಡ ನಿಂತಲ್ಲೇ ಒಣಗಿತ್ತು. ಬೆಳೆ ವಿಮೆ ಕಟ್ಟಿದ್ದ, ಅದಾದರೂ ಬರುತ್ತೆ ಅಂತ ಕಾದ. ಕೊನೆಗೆ ಗೊತ್ತಾಗಿದ್ದು ಏನೆಂದರೆ, ನಮ್ಮ ಪಂಚಾಯಿತಿಗೆ ತೊಗರಿ ಪರಿಹಾರ ಶೂನ್ಯ. ಯಾಕೆ ಅಂತ ಹೇಳುವವರು ಯಾರೂ ಇರಲಿಲ್ಲ. ಮುತ್ಯಾ ನನ್ನ ಮುಂದೆ ರಸೀದಿ ಇಟ್ಟು ಹೇಳಿದ: "ಹೊಲ ಒಣಗೇದ, ಖರೇ. ಆದ್ರ ಕಾಗದದಾಗ ಬೆಳಿ ಚೊಲೋ ಬಂದದ ಅಂತ. ನೀ ಇಂಜಿನಿಯರ್ ಆಗಾಂವ, ಇದೇನು ಲೆಕ್ಕ ಹೇಳು ನೋಡೋಣು."

ನನಗೆ ಹೇಳೋಕೆ ಬರಲಿಲ್ಲ. ಎಂಜಿನಿಯರಿಂಗ್ ಮ್ಯಾಥ್ಸ್‌ನಲ್ಲಿ ಪ್ರಾಬಬಿಲಿಟಿ ಪಾಸಾದವನು ನಾನು!

ಎರಡು ದಿನ ಕೂತು ಹುಡುಕಿದೆ. ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆ 2016ರಲ್ಲಿ ಶುರುವಾಗಿದ್ದು. ಮುಂಗಾರಿನ ಆಹಾರಧಾನ್ಯ, ಎಣ್ಣೆಕಾಳು ಬೆಳೆಗಳಿಗೆ ರೈತ ವಿಮಾ ಮೊತ್ತದ 2% ಕಟ್ಟಬೇಕು. ಅದರ ಸೂತ್ರ ಗುಟ್ಟೇನಲ್ಲ, ಮಾರ್ಗಸೂಚಿಯಲ್ಲಿ ಇದೆ. ಆದರೆ ನಾನು ನೋಡಿದ್ದು ಉದ್ದದ ಇಂಗ್ಲಿಷ್ ಪಿಡಿಎಫ್. ಬಾಗಿಲಿಗೆ ಬೀಗ ಇಲ್ಲ, ಆದರೆ ಬಾಗಿಲು ಎಲ್ಲಿದೆ ಅಂತ ಮುತ್ಯಾನಿಗೆ ಗೊತ್ತಿಲ್ಲ. ನನಗೂ ಗೊತ್ತಿರಲಿಲ್ಲ.

ಲೆಕ್ಕ ಹೀಗಿದೆ. ಹಿಂದಿನ 7 ವರ್ಷಗಳ ಇಳುವರಿಯಲ್ಲಿ ಉತ್ತಮವಾದ 5 ವರ್ಷ ಆರಿಸಿ, ಸರಾಸರಿ ತೆಗೆಯಬೇಕು. ಅದನ್ನು 70%, 80% ಅಥವಾ 90%ರಿಂದ ಗುಣಿಸಬೇಕು. ಯಾವ ಬೆಳೆಗೆ, ಯಾವ ಪ್ರದೇಶಕ್ಕೆ ಎಷ್ಟು ಅನ್ನೋದು ಮೊದಲೇ ತೀರ್ಮಾನ ಆಗಿರುತ್ತೆ. ಬಂದ ಉತ್ತರವೇ ತ್ರೆಶೋಲ್ಡ್ ಯೀಲ್ಡ್. ಇದನ್ನು ಕನ್ನಡದಲ್ಲಿ ಹೇಗೆ ಹೇಳೋದು ಅಂತ ತಡವರಿಸಿ ಕೊನೆಗೆ "ಹೊಸ್ತಿಲು" ಅಂದೆ. ಮುತ್ಯಾನಿಗೆ ತಕ್ಷಣ ತಿಳೀತು. ಈ ವರ್ಷದ ಇಳುವರಿ ಹೊಸ್ತಿಲಿಗಿಂತ ಎಷ್ಟು ಕೆಳಗಿದೆಯೋ, ಅಷ್ಟು ಪಾಲು ಪರಿಹಾರ.

ಉದಾಹರಣೆಗೆ, ಲೆಕ್ಕ ಸುಲಭ ಆಗಲಿ ಅಂತ ನಾನೇ ಹಾಕಿದ ಅಂಕಿ ಇವು. ಎಕರೆಗೆ 6, 5, 5, 4, 5, 2, 1 ಕ್ವಿಂಟಲ್ ಅಂತ ಇಟ್ಟುಕೊಳ್ಳಿ. ಉತ್ತಮ ಐದರ ಸರಾಸರಿ 5. ಅದರ 80% ಅಂದರೆ 4. ಈ ವರ್ಷ 3 ಬಂದರೆ ಕೊರತೆ ನಾಲ್ಕರಲ್ಲಿ ಒಂದು, ಅಂದರೆ 25%. ಎಕರೆಗೆ ವಿಮಾ ಮೊತ್ತ 12,000 ರೂಪಾಯಿ ಇದ್ದರೆ 3,000 ಸಿಗುತ್ತೆ. ಈಗ ಹೊಲ, ರೋಗ, ಮಳೆ ಯಾವುದನ್ನೂ ಮುಟ್ಟಬೇಡಿ. 80ರ ಜಾಗದಲ್ಲಿ 90 ಹಾಕಿ: 4,000 ಆಗುತ್ತೆ. 70 ಹಾಕಿ: ಸುಮಾರು 1,714ಕ್ಕೆ ಇಳಿಯುತ್ತೆ. ಬೋರ್ಡ್ ಮೇಲೆ ಒಂದು ಅಂಕಿ ಬದಲಾದರೆ ಜೇವರ್ಗಿಯ ಒಂದು ಮನೆಯಲ್ಲಿ ಮಗಳ ಫೀಸ್ ಕಟ್ಟಬಹುದಾ ಇಲ್ಲವಾ ಅನ್ನೋದು ಬದಲಾಗುತ್ತೆ. ಆ ಕಾದಂಬರಿಯಲ್ಲಿ ಇದಕ್ಕಿಂತ ಹೆಚ್ಚಿನದೇನಿದೆ?

ಇನ್ನೂ ಒಂದು ಸಂಗತಿ ಇದೆ. "ಈ ವರ್ಷದ ಇಳುವರಿ" ಅಂದರೆ ಮುತ್ಯಾನ ಹೊಲದ್ದಲ್ಲ. ಮುಖ್ಯ ಬೆಳೆಗಳಿಗೆ ಇಡೀ ಗ್ರಾಮ ಪಂಚಾಯಿತಿಯೇ ಒಂದು ಘಟಕ. ಆಯ್ದ ಕೆಲವು ತಾಕುಗಳಲ್ಲಿ ಬೆಳೆ ಕಟಾವು ಪ್ರಯೋಗ ಮಾಡಿ ಸರಾಸರಿ ತೆಗೀತಾರೆ. ಆ ಸರಾಸರಿ ಹೊಲ ಭೂಮಿ ಮೇಲೆ ಎಲ್ಲೂ ಇಲ್ಲ, ಅದಕ್ಕೆ ಸರ್ವೆ ನಂಬರ್ ಇಲ್ಲ. ಆದರೂ ದುಡ್ಡಿನ ಲೆಕ್ಕದಲ್ಲಿ ಅದೇ ನಿಜ, ಮುತ್ಯಾನ ಒಣಗಿದ ಹೊಲ ಸುಳ್ಳು.

"ಪ್ರತಿ ಹೊಲಕ್ಕೂ ಹೋಗಿ ಅಳೆಯೋಕಾಗುತ್ತಾ?" ಅಂತ ಆಳಂದದ ಗೆಳೆಯ ಕೇಳಿದ. ಸರಿಯಾದ ಪ್ರಶ್ನೆ. ಪ್ರತಿ ಹೊಲ ಅಳೆದರೆ ಖರ್ಚೇ ಪರಿಹಾರಕ್ಕಿಂತ ಜಾಸ್ತಿ ಆಗಬಹುದು, ಸುಳ್ಳು ಹೇಳುವವರೂ ಇರ್ತಾರೆ. ಆಲಿಕಲ್ಲಿನಂಥ ಕೆಲವು ಹಾನಿಗೆ 72 ಗಂಟೆಯೊಳಗೆ ತಿಳಿಸಿದರೆ ಹೊಲಕ್ಕೇ ಬಂದು ನೋಡುವ ವ್ಯವಸ್ಥೆಯೂ ಇದೆ. ಹಾಗಾಗಿ ಸರಾಸರಿ ತೆಗೆಯೋದೇ ತಪ್ಪು ಅಂತ ನಾನು ಹೇಳ್ತಿಲ್ಲ. ಯಾವ 7 ವರ್ಷ, ಯಾವ ಅಂಕಿ, ಯಾವ ತಾಕು, ಎಷ್ಟು ಪರ್ಸೆಂಟ್ ಅನ್ನೋದು ಆ ಸರಾಸರಿಯ ಕೆಳಗೆ ಬದುಕುವವನಿಗೆ ಕಾಣಬೇಕು ಅನ್ನೋದಷ್ಟೇ ನನ್ನ ವಾದ.

ಅರ್ಧಂಬರ್ಧ ಗುಪ್ತಕೂಟ ಒಂದು ನಿಜಕ್ಕೂ ಇತ್ತು. 1930ರ ದಶಕದಲ್ಲಿ ಫ್ರಾನ್ಸ್‌ನ ಕೆಲವು ಯುವ ಗಣಿತಜ್ಞರು ಸೇರಿ, ನಿಕೊಲಾ ಬೂರ್ಬಾಕಿ ಅನ್ನೋ ಇಲ್ಲದ ಮನುಷ್ಯನ ಹೆಸರಲ್ಲಿ ಪುಸ್ತಕ ಬರೆಯತೊಡಗಿದರು. ಸದಸ್ಯರು ಯಾರು ಅನ್ನೋದು ಗುಟ್ಟು. ಆದರೆ ಅವರ ಲೆಕ್ಕ ಮಾತ್ರ ಪೂರ್ತಿ ಬಯಲು, ಯಾರು ಬೇಕಾದರೂ ತಪ್ಪು ಹುಡುಕಬಹುದಿತ್ತು. ಹೆಸರು ಗುಟ್ಟಾದರೆ ಯಾರಿಗೂ ನಷ್ಟ ಇಲ್ಲ. ಲೆಕ್ಕ ಗುಟ್ಟಾದರೆ ನಷ್ಟ.

ನಮ್ಮ ಭಾಗಕ್ಕೆ ಇದು ಹೊಸದಲ್ಲ. 1948ರವರೆಗೆ ನಾವು ನಿಜಾಮನ ಹೈದರಾಬಾದ್ ಸಂಸ್ಥಾನದಲ್ಲಿದ್ದೆವು, ಆಡಳಿತ ಭಾಷೆ ಉರ್ದು. ಕನ್ನಡ ಬಿಟ್ಟು ಬೇರೆ ಗೊತ್ತಿಲ್ಲದ ರೈತನಿಗೆ ತನ್ನ ಹೊಲದ ಬಗ್ಗೆ ದಫ್ತರದಲ್ಲಿ ಏನು ಬರೆದಿದೆ ಅಂತ ಓದೋಕಾಗುತ್ತಿರಲಿಲ್ಲ, ಓದಬಲ್ಲವನು ಹೇಳಿದ್ದೇ ಖರೆ. ಆಮೇಲೆ ದಫ್ತರ ಕನ್ನಡಕ್ಕೆ ಬಂತು, ಭೂಮಿ ಯೋಜನೆ ಬಂದು ಪಹಣಿ ಕಂಪ್ಯೂಟರ್‌ಗೆ ಬಂತು. ಇವತ್ತು ಮುತ್ಯಾ ನನ್ನ ಮೊಬೈಲ್‌ನಲ್ಲೇ ತನ್ನ ಪಹಣಿ ನೋಡ್ತಾನೆ. ಒಂದು ಪುಸ್ತಕ ತೆರೆಯೋಕೆ ಆಗಿದೆ ಅಂದಮೇಲೆ ಇನ್ನೊಂದನ್ನೂ ತೆರೆಯಬಹುದು.

ಅದಕ್ಕಿಂತ ಹಿಂದೆ ಹೋದರೆ ಇನ್ನೂ ಖುಷಿ. ನಮ್ಮದೇ ಜಿಲ್ಲೆಯ ಸೇಡಂ ತಾಲೂಕಿನಲ್ಲಿ ಕಾಗಿಣಾ ದಂಡೆಯ ಮಳಖೇಡ ಇದೆ, ಅಂದಿನ ಮಾನ್ಯಖೇಟ. ಅಲ್ಲಿಂದ ಆಳಿದ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯ 'ಗಣಿತಸಾರಸಂಗ್ರಹ' ಬರೆದ. ಅದರಲ್ಲಿ ಬಡ್ಡಿ ಲೆಕ್ಕ ಇದೆ, ಪಾಲು ಹಂಚುವ ಲೆಕ್ಕ ಇದೆ, ಭೂಮಿ ಅಳೆಯೋ ಲೆಕ್ಕ ಇದೆ. 12ನೇ ಶತಮಾನದಲ್ಲಿ ರಾಜಾದಿತ್ಯ ಗಣಿತವನ್ನು ಕನ್ನಡದಲ್ಲೇ ಬರೆದ. ಸಾವಿರ ವರ್ಷದ ಹಿಂದೆ ಆಗಿದ್ದು ಈಗ ಯಾಕಾಗಲ್ಲ?

ಈಗ ನಮ್ಮ ವಿಷಯಕ್ಕೆ ಬರ್ತೀನಿ. ಇಳುವರಿ ಅಂದಾಜಿಗೆ ಉಪಗ್ರಹ ಚಿತ್ರ, ಮಷಿನ್ ಲರ್ನಿಂಗ್ ಬರ್ತಾ ಇದೆ. ಆ ಕೋಡ್ ಬರೆಯೋರು ಯಾರು? ನಮ್ಮ ಸಿಎಸ್, ಐಎಸ್ ಬ್ರಾಂಚಿನ ನಾವೇ. ಪ್ಲೇಸ್‌ಮೆಂಟ್ ಆದ ದಿನವೇ ನಾವು ಆ ಕೂಟದ ಸದಸ್ಯರು. ನಮ್ಮ ಮಾಡೆಲ್ ತಪ್ಪು ಹೇಳಿದರೆ ನಮಗೆ ಅದು ಎರರ್ ಅಷ್ಟೇ, ಅಫಜಲಪುರದ ಭೀಮಾ ದಂಡೆಯಲ್ಲಿ ಯಾರಿಗೋ ಅದು ಒಂದು ವರ್ಷದ ಬದುಕು.

ಹಾಗಾಗಿ ಕ್ಲಬ್‌ಗೆ ಒಂದು ಪ್ರಸ್ತಾಪ. ಈ ಸೂತ್ರವನ್ನು ಒಂದೇ ಪುಟದಲ್ಲಿ, ಕನ್ನಡದಲ್ಲಿ, ಉದಾಹರಣೆ ಸಮೇತ ಬರೆಯೋಣ. ಮುಂದಿನ ರಜೆಯಲ್ಲಿ ಆಳಂದ, ಅಫಜಲಪುರ, ಜೇವರ್ಗಿಯ ಹುಡುಗ ಹುಡುಗಿಯರು ತಮ್ಮ ತಮ್ಮ ಪಂಚಾಯಿತಿಗೆ ಹೋಗಿ ಅದನ್ನು ಕೊಡೋಣ. 7 ವರ್ಷದ ಅಂಕಿ ಮತ್ತು ಈ ವರ್ಷದ ಕಟಾವಿನ ಅಂಕಿ ಗೋಡೆ ಮೇಲೆ ಹಾಕಿ ಅಂತ ಕೇಳೋಣ. ಕೊಡದಿದ್ದರೆ ಆರ್‌ಟಿಐ ಅರ್ಜಿ ಹಾಕೋಣ, ಹತ್ತು ರೂಪಾಯಿ ಖರ್ಚು.

ನಾನು ಹತ್ತನೇ ಕ್ಲಾಸಿನವರೆಗೂ ಇಂಗ್ಲಿಷ್ ಮೀಡಿಯಂ, ನನ್ನ ಕನ್ನಡದಲ್ಲಿ ತಪ್ಪಿರಬಹುದು, ತಿದ್ದಿ. ಆದರೆ ಅವತ್ತು ನೆಲದ ಮೇಲೆ ಸುಣ್ಣದ ಕಡ್ಡಿಯಿಂದ ಗೀಚಿ ಲೆಕ್ಕ ತೋರಿಸಿದಾಗ ಮುತ್ಯಾ ಅಂದ ಮಾತಿಗೆ ನನ್ನ ಹತ್ತಿರ ಇನ್ನೂ ಉತ್ತರ ಇಲ್ಲ: "ಇಷ್ಟ ಅದಾ? ಇದು ಐದನೇತ್ತಾ ಹುಡುಗ್ರ ಲೆಕ್ಕ ಅಲ್ಲೇನಪಾ. ಇದನ್ನ ಮೊದಲ ಯಾರೂ ಯಾಕ ಹೇಳಲಿಲ್ಲ?"