ದೂರದರ್ಶನದ ಪಂದ್ಯ ತಡವಾಗುವುದೇಕೆ?

ಅಮೆರಿಕದ ಸಂಯುಕ್ತ ಸಂಸ್ಥಾನಗಳಲ್ಲಿ ಫುಟ್‌ಬಾಲ್ ಎಂದರೆ ನಮ್ಮ ಶಾಲೆಯ ಮೈದಾನಗಳಲ್ಲಿ ಕಾಲಿನಿಂದ ಒದ್ದು ಆಡುವ ಚೆಂಡಾಟವಲ್ಲ. ಮೊಟ್ಟೆಯ ಆಕಾರದ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು, ತಲೆಗೆ ಶಿರಸ್ತ್ರಾಣವನ್ನೂ ಭುಜಗಳಿಗೆ ದಪ್ಪ ಮೆತ್ತೆಗಳನ್ನೂ ಧರಿಸಿ, ಎದುರಾಳಿಗಳನ್ನು ಡಿಕ್ಕಿ ಹೊಡೆದು ಕೆಡವುತ್ತ ಮುನ್ನುಗ್ಗುವ ಆಟ ಅದು. ನಿಯಮದ ಪ್ರಕಾರ ಒಂದು ಪಂದ್ಯದ ಅವಧಿ 60 ನಿಮಿಷ. ಆದರೆ ದೂರದರ್ಶನದ ಮುಂದೆ ಕುಳಿತವನು ಸಾಮಾನ್ಯವಾಗಿ ಮೂರು ಗಂಟೆಗಳಿಗೆ ಮೊದಲು ಮೇಲೇಳುವಂತಿಲ್ಲ. ಕೆಲವೊಮ್ಮೆ ಪಂದ್ಯ ಆರಂಭವಾಗುವುದೇ ತಡ. ಕೆಲವೊಮ್ಮೆ ನಡುವೆಯೇ ನಿಂತು, ಆಟಗಾರರೆಲ್ಲ ಒಳಗೆ ಹೋಗಿ, ಬರಿದಾದ ಹಸುರು ಮೈದಾನವನ್ನೇ ಗಂಟೆಗಟ್ಟಲೆ ನೋಡುತ್ತಿರಬೇಕಾಗುತ್ತದೆ. ಆಗ ಪ್ರೇಕ್ಷಕರಿಗೆ ಸಿಟ್ಟು ಬರುವುದು ಸಹಜವೇ. ಆದರೆ ಈ ಸಿಟ್ಟು ಬಹುಮಟ್ಟಿಗೆ ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದಂತೆ ಎಂಬುದು ನಮ್ಮ ಅಭಿಪ್ರಾಯ. ಯಾವ ವಿಳಂಬವನ್ನು ನಾವು ಹೆಚ್ಚು ಬೈಯುತ್ತೇವೆಯೋ ಅದು ಅತ್ಯಂತ ನ್ಯಾಯವಾದುದು. ಯಾವುದನ್ನು ಗಮನಿಸುವುದೇ ಇಲ್ಲವೋ ಅದನ್ನು ಕುರಿತೇ ನಾವು ಪ್ರಶ್ನೆ ಕೇಳಬೇಕಾಗಿದೆ.

ಮೊದಲು ಸಿಡಿಲಿನ ಮಾತು. 2018ರ ಸೆಪ್ಟೆಂಬರ್ 9ರಂದು ಫ್ಲಾರಿಡ ರಾಜ್ಯದ ಮಯಾಮಿಯಲ್ಲಿ ಮಯಾಮಿ ಡಾಲ್ಫಿನ್ಸ್ ಮತ್ತು ಟೆನೆಸೀ ಟೈಟನ್ಸ್ ತಂಡಗಳ ಪಂದ್ಯ ನಡೆಯಿತು. ಮಧ್ಯಾಹ್ನ ಒಂದು ಗಂಟೆಯ ಸುಮಾರಿಗೆ ಆರಂಭವಾದ ಆಟ ಮುಗಿಯುವಾಗ ರಾತ್ರಿ ಎಂಟು ದಾಟಿತ್ತು. ಒಟ್ಟು 7 ಗಂಟೆ 8 ನಿಮಿಷ! ಅಮೆರಿಕದ ಎರಡು ವೃತ್ತಿಪರ ಲೀಗುಗಳು 1970ರಲ್ಲಿ ಒಂದಾದ ಮೇಲೆ ಅಷ್ಟು ದೀರ್ಘವಾದ ಪಂದ್ಯ ಅದುವರೆಗೆ ನಡೆದಿರಲಿಲ್ಲ. ಅದರಲ್ಲಿ ಹೆಚ್ಚುಕಡಮೆ ನಾಲ್ಕು ಗಂಟೆಗಳು ಎರಡು ಸಲದ ಸಿಡಿಲಿನ ಭಯದಿಂದಾಗಿ ಕಾಯುವುದರಲ್ಲೇ ಕಳೆದುಹೋದವು. ಸೆಪ್ಟೆಂಬರ್ ತಿಂಗಳು ಅಲ್ಲಿ ಗುಡುಗುಮಳೆಯ ಕಾಲ. ಫ್ಲಾರಿಡ ಎರಡು ಪಕ್ಕದಲ್ಲಿಯೂ ಸಮುದ್ರವಿರುವ ನೀಳವಾದ ಭೂಭಾಗ. ಹಗಲಿನ ಬಿಸಿಲಿಗೆ ನೆಲ ಕಾದಾಗ ಎರಡು ಕಡೆಗಳಿಂದಲೂ ಕಡಲಗಾಳಿ ಒಳನುಗ್ಗಿ, ಎದುರುಬದುರಾಗಿ ಸಂಧಿಸಿ, ಮೇಲೇರಿ, ಮಧ್ಯಾಹ್ನದ ವೇಳೆಗೆ ಎತ್ತರವಾದ ಗುಡುಗುಮೋಡಗಳನ್ನು ಕಟ್ಟುತ್ತದೆ. ಪಂದ್ಯದ ವೇಳೆಯೂ ಮಧ್ಯಾಹ್ನವೇ. ಎರಡೂ ಒಂದನ್ನೊಂದು ಮುಖಾಮುಖಿಯಾಗುವುದರಲ್ಲಿ ಆಶ್ಚರ್ಯವೇನಿದೆ?

ಮಳೆಯೇ ಬೀಳದಿರುವಾಗ ಆಟವನ್ನು ಏಕೆ ನಿಲ್ಲಿಸಬೇಕೆಂದು ಕೇಳುವವರುಂಟು. ಸಿಡಿಲು ಮಳೆ ಬೀಳುವ ಜಾಗದಲ್ಲಿಯೇ ಎರಗಬೇಕೆಂಬ ನಿಯಮವಿಲ್ಲ. ಮೋಡದ ಮೇಲ್ಭಾಗದಿಂದ ಹೊರಟು, ಪಕ್ಕಕ್ಕೆ ಚಾಚಿ, ಹದಿನೈದು ಕಿಲೋಮೀಟರುಗಳಾಚೆ ನಿರ್ಮಲವಾಗಿ ಕಾಣುವ ಆಕಾಶದ ಕೆಳಗೂ ಅದು ನೆಲವನ್ನು ಮುಟ್ಟಬಲ್ಲದು. ಗುಡುಗಿನ ಶಬ್ದ ಒಂದು ಕಿಲೋಮೀಟರು ಸಾಗಲು ಸುಮಾರು ಮೂರು ಸೆಕೆಂಡು ಬೇಕು; ಮಿಂಚಿನ ಬೆಳಕಾದರೋ ಕಣ್ಣು ಮಿಟುಕಿಸುವುದರೊಳಗೆ ಬಂದು ಸೇರುತ್ತದೆ. ಮಿಂಚು ಕಂಡು ಮೂವತ್ತು ಎಣಿಸುವುದರೊಳಗೆ ಗುಡುಗು ಕೇಳಿದರೆ ಸಿಡಿಲು ಹತ್ತು ಕಿಲೋಮೀಟರುಗಳೊಳಗೆ ಬಿದ್ದಿದೆ ಎಂದರ್ಥ. ಸಾಮಾನ್ಯವಾಗಿ ಗುಡುಗು ಕೇಳಿಸುವುದೇ ಹದಿನೈದು ಕಿಲೋಮೀಟರುಗಳಷ್ಟು ದೂರದವರೆಗೆ. ಆದುದರಿಂದ ಗುಡುಗು ಕಿವಿಗೆ ಬಿತ್ತೆಂದರೆ ಮುಂದಿನ ಸಿಡಿಲಿನ ಅಳವಿಗೆ ನಾವು ಸಿಕ್ಕಿದ್ದೇವೆಂದೇ ತಿಳಿಯತಕ್ಕದ್ದು.

ಕೊನೆಯ ಗುಡುಗಿನಿಂದ ಮೂವತ್ತು ನಿಮಿಷ ಕಾಯಬೇಕೆಂಬ ನಿಯಮವೂ ಇಂತಹ ಲೆಕ್ಕವನ್ನೇ ಆಧರಿಸಿದೆ. ಗಂಟೆಗೆ 40 ಕಿಲೋಮೀಟರು ವೇಗದಲ್ಲಿ ಚಲಿಸುವ ಮೋಡ ಅರ್ಧ ಗಂಟೆಯಲ್ಲಿ 20 ಕಿಲೋಮೀಟರು ದೂರ ಸರಿಯುತ್ತದೆ. ಮಳೆ ನಿಂತ ಮೇಲೂ ಮೋಡದ ಹಿಂಭಾಗದಲ್ಲಿ ವಿದ್ಯುದಾವೇಶ ಉಳಿದಿರುವುದುಂಟು; ಅದು ಕರಗಲೂ ಕಾಲ ಬೇಕು. ಇಪ್ಪತ್ತೊಂಬತ್ತನೆಯ ನಿಮಿಷದಲ್ಲಿ ಮತ್ತೆ ಮಿಂಚಿದರೆ ಎಣಿಕೆ ಮೊದಲಿನಿಂದ ಆರಂಭ. ಮಯಾಮಿಯಲ್ಲಿ ಒಂದೊಂದು ನಿಲುಗಡೆ ಸುಮಾರು ಎರಡು ಗಂಟೆಗಳವರೆಗೆ ಬೆಳೆದುದು ಹೀಗೆಯೇ. ಇನ್ನೊಂದು ಸಂಗತಿಯನ್ನೂ ಮರೆಯಬಾರದು. ಬಯಲಿನಲ್ಲಿ ಒಬ್ಬನಿದ್ದರೆ ಓಡಿ ಮನೆ ಸೇರಬಹುದು. ಅರುವತ್ತು ಸಾವಿರ ಜನರನ್ನು ಮೆಟ್ಟಿಲುಸಾಲುಗಳಿಂದ ಎಬ್ಬಿಸಿ ಕಾಂಕ್ರೀಟಿನ ಛಾವಣಿಯ ಕೆಳಕ್ಕೆ ಸೇರಿಸಲು ಬಹಳ ಹೊತ್ತು ಹಿಡಿಯುತ್ತದೆ. ಆದಕಾರಣ ಆಜ್ಞೆ ಮೊದಲೇ ಹೊರಡಬೇಕು, ಆಕಾಶ ಇನ್ನೂ ಬೆಳ್ಳಗಿರುವಾಗಲೇ. ಮನೆಯಲ್ಲಿ ಕುಳಿತು ದೂರದರ್ಶನದಲ್ಲಿ ಬಿಸಿಲು ಕಾಣುತ್ತಿರುವವನಿಗೆ ಅದು ಅತಿಭೀತಿಯಂತೆ ತೋರಿದರೆ ತೋರಲಿ.

ಇದು ಅಮೆರಿಕದವರಿಗೆ ಮಾತ್ರ ಸಂಬಂಧಿಸಿದ ಮಾತಲ್ಲ. ನಮ್ಮ ಭಾರತದಲ್ಲಿ ಪ್ರತಿವರ್ಷವೂ ಎರಡು ಸಾವಿರಕ್ಕಿಂತ ಹೆಚ್ಚು ಮಂದಿ ಸಿಡಿಲಿಗೆ ಬಲಿಯಾಗುತ್ತಿದ್ದಾರೆಂದು ಸರ್ಕಾರದ ಅಂಕಿಅಂಶಗಳೇ ಹೇಳುತ್ತವೆ. ಇವರಲ್ಲಿ ಬಹು ಮಂದಿ ಹೊಲದಲ್ಲಿ ದುಡಿಯುವವರು, ದನಕುರಿ ಕಾಯುವವರು, ಮಳೆಗೆ ಮರದ ಬುಡವನ್ನು ಸೇರಿದವರು. ಕರ್ನಾಟಕದಲ್ಲಿ ಏಪ್ರಿಲ್-ಮೇ ತಿಂಗಳುಗಳ ಮುಂಗಾರುಪೂರ್ವ ಮಳೆಗಳು ಗುಡುಗುಸಿಡಿಲಿನೊಡನೆಯೇ ಬರುವುವು. ಬೇಸಗೆಯ ರಜೆಯ ಕ್ರಿಕೆಟ್ ಪಂದ್ಯಗಳೂ ಆ ಕಾಲಕ್ಕೇ. ಬಯಲಿನ ಆಟದಲ್ಲಿ ಮೊದಲ ಗುಡುಗಿಗೆ ಬ್ಯಾಟನ್ನು ಕೆಳಗಿಟ್ಟು ಒಳಗೆ ಹೋಗೋಣವೆಂದವನನ್ನು ಅಂಜುಬುರುಕನೆಂದು ಹಾಸ್ಯ ಮಾಡುವುದು ನಮ್ಮಲ್ಲಿ ವಾಡಿಕೆ. ಕೋಟಿಗಟ್ಟಲೆ ಡಾಲರುಗಳ ವ್ಯವಹಾರವೇ ಅರ್ಧ ಗಂಟೆ ಸುಮ್ಮನೆ ಕಾಯಬಹುದಾದರೆ ನಮ್ಮ ಪಂದ್ಯಗಳಿಗೆ ಬಂದ ಅವಸರವಾದರೂ ಏನು?

ಯಂತ್ರಗಳ ದೆಸೆಯಿಂದ ಆಗುವ ವಿಳಂಬ ಬೇರೆ ಬಗೆಯದು. 2013ರ ಫೆಬ್ರವರಿ 3ರಂದು ನ್ಯೂ ಆರ್ಲಿಯನ್ಸ್ ನಗರದ ಸೂಪರ್‌ಡೋಮ್‌ನಲ್ಲಿ ವರ್ಷದ ಅಂತಿಮ ಪಂದ್ಯವಾದ ಸೂಪರ್ ಬೌಲ್ ನಡೆಯುತ್ತಿದ್ದಾಗ, ಮೂರನೆಯ ಪಾದದ ಆರಂಭದಲ್ಲಿ ಅರ್ಧ ಕ್ರೀಡಾಂಗಣದ ದೀಪಗಳು ಫಕ್ಕನೆ ಆರಿಹೋದವು. ಆಟ ಪುನಃ ಆರಂಭವಾಗಲು 34 ನಿಮಿಷ ಹಿಡಿಯಿತು. ಕಾರಣ ಒಂದು ರಿಲೇ. ತಂತಿಯಲ್ಲಿ ಹರಿಯುವ ವಿದ್ಯುತ್ ಪ್ರವಾಹವನ್ನು ಅಳೆಯುತ್ತಿದ್ದು, ಅದು ಮಿತಿಮೀರಿದಾಗ ಸಂಪರ್ಕವನ್ನು ಕಡಿದುಹಾಕುವ ಕಾವಲುಗಾರನಂತಹ ಉಪಕರಣವಿದು. ಕ್ರೀಡಾಂಗಣದ ವಿದ್ಯುತ್ ವ್ಯವಸ್ಥೆಯನ್ನು ಕಾಪಾಡಲೆಂದೇ ಅದನ್ನು ಕೂರಿಸಿದ್ದರು, ಅದೇ ಕೈಕೊಟ್ಟಿತು. ಬೇಲಿಯೇ ಎದ್ದು ಹೊಲ ಮೇಯ್ದಂತಾಯಿತು. ಆದರೆ ವಿದ್ಯುತ್ ಮರಳಿ ಬಂದೊಡನೆ ದೀಪಗಳೇಕೆ ಹತ್ತಿಕೊಳ್ಳಲಿಲ್ಲ? ಅಲ್ಲಿದ್ದುವು ಲೋಹದ ಆವಿಯ ದೀಪಗಳು. ಉರಿಯುವಾಗ ಅವುಗಳೊಳಗಿನ ಅನಿಲದ ಒತ್ತಡ ಬಹಳ ಏರಿರುತ್ತದೆ. ಒಮ್ಮೆ ಆರಿದರೆ, ಅನಿಲ ತಣ್ಣಗಾಗಿ ಒತ್ತಡ ಇಳಿಯುವ ತನಕ ಕಿಡಿ ಮತ್ತೆ ಹಾರುವುದಿಲ್ಲ; ಹತ್ತಿದ ಮೇಲೂ ಪೂರ್ಣ ಪ್ರಕಾಶಕ್ಕೆ ಬರಲು ಕೆಲವು ನಿಮಿಷಗಳು ಬೇಕು. ಆ ರಾತ್ರಿ 28-6ರಿಂದ ಮುಂದಿದ್ದ ಬಾಲ್ಟಿಮೋರ್ ರೇವನ್ಸ್ ತಂಡ ಕೊನೆಗೆ 34-31ರಿಂದ ಹೇಗೋ ಪಾರಾಯಿತು. ಕತ್ತಲೆಯಿಂದಲೇ ಆಟದ ಗತಿ ಬದಲಾಯಿತೆನ್ನುವವರು ಇಂದಿಗೂ ಇದ್ದಾರೆ. ಅದನ್ನು ಸಾಧಿಸಿ ತೋರಿಸುವ ವಿಜ್ಞಾನವಿಲ್ಲ.

ಇನ್ನು ಹಣದ ವಿಳಂಬ. 2010ರಲ್ಲಿ ವಾಲ್ ಸ್ಟ್ರೀಟ್ ಜರ್ನಲ್ ಪತ್ರಿಕೆ ಕೆಲವು ಪಂದ್ಯಗಳ ಪ್ರಸಾರವನ್ನು ಗಡಿಯಾರ ಹಿಡಿದು ಅಳೆದು ನೋಡಿತು. ಚೆಂಡು ನಿಜವಾಗಿ ಆಟದಲ್ಲಿದ್ದುದು ಸುಮಾರು 11 ನಿಮಿಷ ಮಾತ್ರ. ಜಾಹೀರಾತುಗಳು ನುಂಗಿದ್ದು ಸುಮಾರು ಒಂದು ಗಂಟೆ. ಮೈದಾನದ ಅಂಚಿನಲ್ಲಿ ಪ್ರಸಾರ ಸಂಸ್ಥೆಯ ಮನುಷ್ಯನೊಬ್ಬ ನಿಂತಿರುತ್ತಾನೆ. ಜಾಹೀರಾತು ಮುಗಿಯಿತೆಂದು ಅವನು ಸನ್ನೆ ಮಾಡುವವರೆಗೆ ತೀರ್ಪುಗಾರ ಆಟವನ್ನು ಆರಂಭಿಸುವುದಿಲ್ಲ. ಕೊರೆಯುವ ಚಳಿಯಲ್ಲಿ ದೈತ್ಯದೇಹಿಗಳಾದ ಆಟಗಾರರು ಸಾಬೂನಿನದೋ ಮೋಟಾರು ವಾಹನದ್ದೋ ಗುಣಗಾನ ಮುಗಿಯಲೆಂದು ಕೈಕಟ್ಟಿ ನಿಂತಿರುವ ದೃಶ್ಯ ವಿನೋದಕರವಾಗಿದೆ. 2017ರಲ್ಲಿ ಬಿಡುವುಗಳ ಸಂಖ್ಯೆಯನ್ನು ಇಳಿಸಿ, ಒಂದೊಂದರ ಉದ್ದವನ್ನು ಹೆಚ್ಚಿಸಿದರು. ಪ್ರೇಕ್ಷಕನಿಗೆ ಇದರಿಂದ ಆದ ಲಾಭ ದೊಡ್ಡದೇನಲ್ಲವೆಂದು ನಮಗೆ ತೋರುತ್ತದೆ. ಜಾಹೀರಾತಿನ ಹಣವಿಲ್ಲದೆ ಪ್ರಸಾರವೇ ಇಲ್ಲವೆಂಬ ಸಮಾಧಾನ ಸುಳ್ಳಲ್ಲ. ಆದರೆ ಸಿಡಿಲಿಗಾಗಿ ಕಾದುದನ್ನು ವರ್ಷಗಟ್ಟಲೆ ಆಡಿಕೊಳ್ಳುವ ಜನ ಪ್ರತಿ ವಾರದ ಈ ಒಂದು ಗಂಟೆಯನ್ನು ಲೆಕ್ಕಕ್ಕೇ ಹಿಡಿಯುವುದಿಲ್ಲವೆಂಬುದೇ ವಿಚಿತ್ರ.

ಪಂದ್ಯ ಉದ್ದವಾದಾಗ ಅದರ ಹಿಂದಿನ ಕಾರ್ಯಕ್ರಮಗಳೆಲ್ಲ ಹಿಂದಕ್ಕೆ ಸರಿಯುತ್ತವೆ. ಇದಕ್ಕೊಂದು ಇತಿಹಾಸವಿದೆ. 1968ರ ನವೆಂಬರ್ 17ರಂದು ನ್ಯೂಯಾರ್ಕ್ ಜೆಟ್ಸ್ ಮತ್ತು ಓಕ್ಲೆಂಡ್ ರೈಡರ್ಸ್ ತಂಡಗಳ ಪಂದ್ಯ ಮುಗಿಯುವ ಮೊದಲೇ ಎನ್‌ಬಿಸಿ ಸಂಸ್ಥೆ ಸಂಜೆ ಏಳಕ್ಕೆ ಸರಿಯಾಗಿ 'ಹೈಡಿ' ಎಂಬ ಮಕ್ಕಳ ಚಿತ್ರವನ್ನು ಆರಂಭಿಸಿಬಿಟ್ಟಿತು. ಹಿಂದೆ ಬಿದ್ದಿದ್ದ ಓಕ್ಲೆಂಡ್ ತಂಡ ಕೊನೆಯ ಒಂದು ನಿಮಿಷದೊಳಗೆ ಎರಡು ಸಲ ಗೆರೆ ದಾಟಿ 43-32ರಿಂದ ಗೆದ್ದುದನ್ನು ದೇಶದ ಬಹುಭಾಗ ಕಾಣಲೇ ಇಲ್ಲ. ಅಂದಿನ ಗದ್ದಲದ ಫಲವಾಗಿ, ಎಷ್ಟೇ ಹೊತ್ತಾಗಲಿ ಪಂದ್ಯವನ್ನು ಕೊನೆಯವರೆಗೆ ತೋರಿಸಬೇಕೆಂಬ ಪದ್ಧತಿ ನೆಲೆಯಾಯಿತು.

ಇಷ್ಟೆಲ್ಲ ಕಣ್ಣಿಗೆ ಕಾಣುವ ವಿಳಂಬಗಳಾದುವು. ಕಾಣದಿರುವುದೊಂದಿದೆ. 'ನೇರ ಪ್ರಸಾರ'ವೆಂದು ಮೂಲೆಯಲ್ಲಿ ಬರೆದಿರುವ ಚಿತ್ರ ನೇರವಾಗಿ ಬಂದದ್ದಲ್ಲ. ಭೂಮಿಯ ತಿರುಗುವಿಕೆಗೆ ಹೊಂದಿಕೊಂಡು ಒಂದೇ ಕಡೆ ನಿಂತಂತೆ ತೋರುವ ಕೃತಕ ಉಪಗ್ರಹ ಸುಮಾರು 36,000 ಕಿಲೋಮೀಟರು ಎತ್ತರದಲ್ಲಿರುತ್ತದೆ. ಸಂಕೇತ ಅಲ್ಲಿಗೆ ಏರಿ ಇಳಿಯುವಷ್ಟರಲ್ಲಿ 72,000 ಕಿಲೋಮೀಟರು. ಸೆಕೆಂಡಿಗೆ 3 ಲಕ್ಷ ಕಿಲೋಮೀಟರು ಓಡುವ ವಿದ್ಯುತ್ಕಾಂತ ಅಲೆಗೂ ಇದಕ್ಕೆ ಸುಮಾರು ಕಾಲು ಸೆಕೆಂಡು ಬೇಕು. ಇದು ಪ್ರಕೃತಿ ವಿಧಿಸುವ ತೆರಿಗೆ, ಯಾರೂ ತಪ್ಪಿಸಿಕೊಳ್ಳಲಾರರು. ಮಿಕ್ಕುದು ನಾವೇ ಮಾಡಿಕೊಂಡದ್ದು. ಸೆಕೆಂಡಿಗೆ 30 ಅಥವಾ 60 ಚಿತ್ರಗಳನ್ನು ಪೂರ್ತಿಯಾಗಿ ಕಳುಹಿಸುವುದು ಬಲು ದುಬಾರಿ. ಆದುದರಿಂದ ಒಂದು ಚಿತ್ರಕ್ಕೂ ಅದರ ಹಿಂದುಮುಂದಿನ ಚಿತ್ರಗಳಿಗೂ ಇರುವ ವ್ಯತ್ಯಾಸವನ್ನಷ್ಟೇ ಕಳುಹಿಸುತ್ತಾರೆ. ಹಸುರು ಮೈದಾನ ಇದ್ದಲ್ಲೇ ಇರುವಾಗ ಅದನ್ನು ಪುನಃ ಪುನಃ ಹೇಳುವುದೇಕೆ? ಆದರೆ ಮುಂದಿನ ಚಿತ್ರದೊಡನೆ ಹೋಲಿಸಬೇಕಾದರೆ ಮುಂದಿನ ಚಿತ್ರ ಬರುವವರೆಗೆ ಕಾಯಲೇಬೇಕಷ್ಟೆ. ಹೀಗೆ ಕೆಲವು ಸೆಕೆಂಡುಗಳು ಸೇರುತ್ತವೆ. ಅಂತರ್ಜಾಲದ ಮೂಲಕ ನೋಡುವಾಗಲಂತೂ ಚಿತ್ರಧಾರೆಯನ್ನು ಆರು ಸೆಕೆಂಡುಗಳಷ್ಟು ಉದ್ದದ ತುಂಡುಗಳನ್ನಾಗಿ ಕತ್ತರಿಸಿ ಕಳುಹಿಸುವ ರೂಢಿಯುಂಟು. ಮಧ್ಯೆ ತಡೆಯಾಗದಿರಲೆಂದು ಕೈಯಲ್ಲಿರುವ ಫೋನು ಇಂತಹ ಮೂರು ತುಂಡುಗಳನ್ನು ಕೂಡಿಟ್ಟುಕೊಂಡೇ ತೋರಿಸಲಾರಂಭಿಸಿದರೆ ಅಲ್ಲಿಗೇ 18 ಸೆಕೆಂಡು. ಒಟ್ಟು ಅರ್ಧ ನಿಮಿಷ ಹಿಂದೆ ಬೀಳುವುದು ಅಪರೂಪವಲ್ಲ. ಕ್ರಿಕೆಟ್ ಪಂದ್ಯದ ಕೊನೆಯ ಓವರಿನಲ್ಲಿ ನಮ್ಮ ಫೋನಿನಲ್ಲಿ ಬೌಲರು ಇನ್ನೂ ಓಡಿಬರುತ್ತಿರುವಾಗಲೇ ಪಕ್ಕದ ಮನೆಯಲ್ಲಿ ಕೇಕೆ ಎದ್ದುದನ್ನು ನಮ್ಮ ವಾಚಕರಲ್ಲಿ ಅನೇಕರು ಕೇಳಿರಬೇಕು.

ಈ ವಿಳಂಬಕ್ಕೆ ಒಳ್ಳೆಯ ಕಾರಣವಿದೆಯೆಂಬುದನ್ನು ನಾವು ಒಪ್ಪುತ್ತೇವೆ. ತಡೆತಡೆದು ಬರುವ ಚಿತ್ರಕ್ಕಿಂತ ತಡವಾಗಿ ಬರುವ ಚಿತ್ರ ಲೇಸು. ನಮ್ಮ ಆಕ್ಷೇಪವಿರುವುದು ಅದನ್ನು ಮರೆಮಾಡುವುದಕ್ಕೆ. ಗಡಿಯಾರವನ್ನೂ ಅಂಕಗಳನ್ನೂ ಗಾಳಿಯ ವೇಗವನ್ನೂ ತೆರೆಯ ಮೇಲೆ ಬರೆಯಬಲ್ಲವರು 'ಈ ಚಿತ್ರ ಇಷ್ಟು ಸೆಕೆಂಡು ಹಳೆಯದು' ಎಂದು ಒಂದು ಮೂಲೆಯಲ್ಲಿ ಬರೆಯಲಾರರೇ? ಆಟದ ನಡುವೆಯೇ ಪಣ ಕಟ್ಟುವುದು ಅಮೆರಿಕದ ಅನೇಕ ರಾಜ್ಯಗಳಲ್ಲಿ ಕಾನೂನುಬದ್ಧವಾಗಿರುವಾಗ, ಕ್ರೀಡಾಂಗಣದಲ್ಲಿ ಕುಳಿತವನಿಗೂ ಮನೆಯಲ್ಲಿ ಕುಳಿತವನಿಗೂ ನಡುವಿನ ಅರ್ಧ ನಿಮಿಷ ಬರಿಯ ಕುತೂಹಲದ ವಿಷಯವಾಗಿ ಉಳಿದಿಲ್ಲ.

ಕೊನೆಯದಾಗಿ, ಯಾರೂ ಬೈಯಲಾರದೆ ಹೋದ ಒಂದು ವಿಳಂಬ. 2023ರ ಜನವರಿ 2ರ ರಾತ್ರಿ ಸಿನ್ಸಿನಾಟಿಯಲ್ಲಿ ಬಫಲೋ ಬಿಲ್ಸ್ ತಂಡದ ಡಮಾರ್ ಹ್ಯಾಮ್ಲಿನ್ ಎದುರಾಳಿಯನ್ನು ಕೆಡವಿ, ಎದ್ದು ನಿಂತು, ಮರುಕ್ಷಣವೇ ಕುಸಿದು ಬಿದ್ದ. ಹೃದಯ ನಿಂತಿತ್ತು. ಆತನಿಗೆ ಆದುದು 'ಕಮೋಷಿಯೊ ಕಾರ್ಡಿಸ್' ಎಂದು ಅನಂತರ ತಿಳಿದುಬಂದಿತು. ಹೃದಯದ ಪ್ರತಿ ಬಡಿತದಲ್ಲಿಯೂ ಸೆಕೆಂಡಿನ ಕೆಲವೇ ಶತಾಂಶಗಳಷ್ಟು ಸೂಕ್ಷ್ಮವಾದ ಒಂದು ಘಳಿಗೆಯಿದೆ; ಎದೆಗೆ ಬಿದ್ದ ಪೆಟ್ಟು ಸರಿಯಾಗಿ ಆ ಘಳಿಗೆಗೆ ಬಿದ್ದರೆ ಬಡಿತದ ತಾಳ ತಪ್ಪಿ ಹೃದಯ ಬರಿದೇ ಅದುರುತ್ತದೆ, ರಕ್ತವನ್ನು ನೂಕಲಾರದು. ಮೈದಾನದಲ್ಲೇ ಎದೆಯನ್ನೊತ್ತಿ, ಡಿಫಿಬ್ರಿಲೇಟರಿನಿಂದ ವಿದ್ಯುದಾಘಾತ ಕೊಟ್ಟು ವೈದ್ಯಸಿಬ್ಬಂದಿ ಆತನನ್ನು ಉಳಿಸಿದರು. ಸಹ ಆಟಗಾರರು ಸುತ್ತ ನಿಂತು ಗೋಡೆಯಂತೆ ಮರೆಮಾಡಿದರು. ಸುಮಾರು ಒಂದು ಗಂಟೆಯ ಬಳಿಕ ಪಂದ್ಯವನ್ನು ಮುಂದೂಡಿದುದಾಗಿ ಸಾರಿ, ಮೂರು ದಿನಗಳ ತರುವಾಯ ಅದನ್ನು ರದ್ದುಗೊಳಿಸಿದರು. ಮುಂದಿನ ಋತುವಿನಲ್ಲಿ ಹ್ಯಾಮ್ಲಿನ್ ಮೈದಾನಕ್ಕೆ ಹಿಂದಿರುಗಿದ. ಆ ವರ್ಷದ ಪಟ್ಟಿಯಲ್ಲಿ ಉಳಿದೆಲ್ಲ ತಂಡಗಳ ಎದುರು 17 ಪಂದ್ಯಗಳೆಂದಿದ್ದರೆ, ಬಫಲೋ ಮತ್ತು ಸಿನ್ಸಿನಾಟಿ ತಂಡಗಳ ಎದುರು 16 ಎಂದಿದೆ.