ಮುನೀರ್ ಓಜ್ಕುಲ್: ಎರಡನೆಯ ಸಾಲಿನ ಮಹಾನಟ

ಯಾವುದೇ ದೇಶದ ಚಲನಚಿತ್ರ ಚರಿತ್ರೆಯನ್ನು ಬರೆಯಹೊರಟವರು ನಿರ್ದೇಶಕರ ಹಾಗೂ ನಾಯಕನಟರ ಹೆಸರುಗಳನ್ನು ಪೋಣಿಸಿ ಗ್ರಂಥವನ್ನು ಮುಗಿಸಿಬಿಡುವುದು ವಾಡಿಕೆಯಾಗಿದೆ. ತುರ್ಕಿಯ ವಿಷಯದಲ್ಲಂತೂ, 1982ರಲ್ಲಿ ಕಾನ್ ಉತ್ಸವದ ಪರಮೋಚ್ಚ ಪುರಸ್ಕಾರವನ್ನು ಹಂಚಿಕೊಂಡ ‘ಯೋಲ್’ ಚಿತ್ರವನ್ನೂ, 2014ರಲ್ಲಿ ಅದೇ ಗೌರವಕ್ಕೆ ಪಾತ್ರರಾದ ನೂರಿ ಬಿಲ್ಗೆ ಜೆಯ್ಲಾನರನ್ನೂ ಬಲ್ಲ ಹೊರನಾಡಿನ ರಸಿಕರು, ಆ ನಾಡಿನ ಜನ ತಮ್ಮ ಮನೆಯ ಹಿರಿಯನೆಂಬಂತೆ ಪ್ರೀತಿಸಿದ ಮುನೀರ್ ಓಜ್ಕುಲರ ಹೆಸರನ್ನೇ ಕೇಳಿರುವುದಿಲ್ಲ. ಇದು ಕೇವಲ ಮರೆವಲ್ಲ, ಅನ್ಯಾಯವೆಂದೇ ನನ್ನ ಅಭಿಮತ.

1925ರಲ್ಲಿ ಇಸ್ತಾಂಬುಲ್ಲಿನ ಬಾಕಿರ್ಕೊಯ್‌ನಲ್ಲಿ ಜನಿಸಿದ ಓಜ್ಕುಲರು ಮೊದಲು ರಂಗಭೂಮಿಯವರು. ಬಯಲಿನಲ್ಲಿ ಪ್ರೇಕ್ಷಕರ ನಡುವೆಯೇ ನಿಂತು, ಮಾತನ್ನು ಅಲ್ಲಿಂದಲ್ಲಿಗೇ ಹುಟ್ಟಿಸುತ್ತ ಆಡುವ ‘ಓರ್ತಾ ಒಯುನು’ ಎಂಬ ಹಳೆಯ ಪ್ರಹಸನ ಪರಂಪರೆಯಲ್ಲಿ, ಹಾಸ್ಯನಾಯಕನು ಧರಿಸುವ ‘ಕವುಕ್’ ಎಂಬ ಪೇಟವು ಗುರುವಿನಿಂದ ಯೋಗ್ಯನಿಗೆ ಸಲ್ಲುತ್ತ ಬಂದಿದೆ. ಅದನ್ನು 1968ರಲ್ಲಿ ಇಸ್ಮಾಯಿಲ್ ದುಂಬುಲ್ಲು ಇವರಿಗೆ ಒಪ್ಪಿಸಿದರು. 1989ರಲ್ಲಿ ಇವರು ಫೆರ್ಹಾನ್ ಶೆನ್ಸೊಯ್ ಅವರಿಗೆ ಒಪ್ಪಿಸಿದರು. ಎದುರಿನವನ ಮಾತನ್ನು ಕಿವಿಗೊಟ್ಟು ಕೇಳಿ, ಅದರಿಂದಲೇ ತನ್ನ ಮಾತನ್ನು ಎತ್ತಿಕೊಳ್ಳುವ ಆ ಶಿಕ್ಷಣವೇ ಬೆಳ್ಳಿತೆರೆಯ ಮೇಲೆ ಅವರ ಬಂಡವಾಳವಾಯಿತು.

1975ರ ‘ಬಿಜಿಮ್ ಆಯ್ಲೆ’ ಚಿತ್ರದಲ್ಲಿ ಓಜ್ಕುಲರು ಯಶಾರ್ ಎಂಬ ಶ್ರಮಜೀವಿ. ಅದಿಲೆ ನಾಶಿತ್ ಅವರು ಎರಡನೆಯ ಮದುವೆಯಿಂದ ಆ ಮನೆಗೆ ಬಂದ ಮಡದಿ. ತಾರಿಕ್ ಆಕಾನರಂಥ ಸುಂದರ ತರುಣ ಆ ಚಿತ್ರದಲ್ಲಿದ್ದರೂ ಅದು ನೆನಪಿನಲ್ಲುಳಿದಿರುವುದು, ತನ್ನ ಕುಟುಂಬವನ್ನು ಪೀಡಿಸಿದ ಧನಿಕನೆದುರು ಯಶಾರನು ಬಂದು ನಿಲ್ಲುವ ಒಂದೇ ಒಂದು ಸನ್ನಿವೇಶದಿಂದ. ಮೊದಲು ‘ಸ್ವಾಮಿ’ ಎನ್ನುವಷ್ಟು ವಿನಯ, ತಗ್ಗಿದ ಧ್ವನಿ. ಬಳಿಕ, ಹಣವಿದ್ದರೂ ನೀನು ದೊಡ್ಡವನಲ್ಲವೆಂಬ ನಿರ್ಧಾರ. ಕಟ್ಟಕಡೆಗೆ, ಜೀವಮಾನದಲ್ಲಿ ಇರುವೆಗೂ ನೋವುಮಾಡದ ಮನುಷ್ಯನೊಬ್ಬನು ತನ್ನ ಮಕ್ಕಳ ತಂಟೆಗೆ ಬಂದರೆ ಕೊಲ್ಲಲೂ ಹೇಸೆನೆಂದು ಹೇಳುವ ಘೋರ ಪ್ರತಿಜ್ಞೆ. ಆ ಕೋಪ ನಂಬತಕ್ಕದ್ದಾಗುವುದು, ಅದಕ್ಕೆ ಮುಂಚಿನ ವಿನಯವು ಅಷ್ಟು ನಿಜವಾಗಿರುವುದರಿಂದ.

ಅವರು ಮಾಡಿದ್ದೆಲ್ಲ ಒಬ್ಬನೇ ಬಡತಂದೆಯ ಪಾತ್ರವೆಂದು ಆಕ್ಷೇಪಿಸುವವರುಂಟು. ನಾನು ಇದನ್ನು ಒಪ್ಪಲಾರೆ. 1978ರ ‘ನೆಶೆಲಿ ಗುನ್ಲೆರ್’ನಲ್ಲಿ ಉಪ್ಪಿನಕಾಯಿಗೆ ನಿಂಬೆರಸವೋ ವಿನಿಗರೋ ಎಂಬ ವಿವಾದದಲ್ಲಿ ಹೆಂಡತಿಯಿಂದಲೇ ಬೇರೆಯಾಗಿ, ಆರು ಮಕ್ಕಳನ್ನೂ ಹಂಚಿಕೊಳ್ಳುವ ಹಟಮಾರಿ ಅವರೇ, ಗಂಡುಮಗುವಿನ ಆಸೆಯಿಂದ ಹೆಣ್ಣುಮಕ್ಕಳಿಗೆಲ್ಲ ಗಂಡುಹೆಸರನ್ನಿಟ್ಟ ‘ಗುಲೆನ್ ಗೊಜ್ಲೆರ್’ನ ತಂದೆಯೂ ಅವರೇ. ರಿಫತ್ ಇಲ್ಗಾಜರ ಕೃತಿಯನ್ನಾಧರಿಸಿ ಎರ್ತೆಮ್ ಎಯಿಲ್ಮೆಜ್ ನಿರ್ದೇಶಿಸಿದ ‘ಹಬಾಬಾಮ್ ಸಿನಿಫಿ’ಯಲ್ಲಾದರೋ, ಕೆಮಾಲ್ ಸುನಾಲ್ ಮೊದಲಾದ ತುಂಟ ವಿದ್ಯಾರ್ಥಿಗಳು ‘ಬೋಳು ಮಹಮೂದ’ನೆಂದು ಹಿಂದಿನಿಂದ ಹಾಸ್ಯಮಾಡುವ ಕಟ್ಟುನಿಟ್ಟಿನ ಉಪಾಧ್ಯಾಯರಾಗಿ, ಆ ಗದ್ದಲವೆಲ್ಲ ಹಾಸ್ಯವಾಗಿ ಉಳಿಯುವುದಕ್ಕೆ ಬೇಕಾದ ಗಾಂಭೀರ್ಯವನ್ನು ಒದಗಿಸಿದವರೂ ಅವರೇ. ವೇಷ ಬದಲಿಸದೆ, ಹೆಚ್ಚುಕಡಮೆ ಅದೇ ಮೀಸೆ ಮುಖಗಳಿಂದ ಇಷ್ಟು ಭಿನ್ನ ಸ್ವಭಾವಗಳನ್ನು ಕಡೆದು ನಿಲ್ಲಿಸುವುದು ಬಣ್ಣ ಬಳಿದುಕೊಂಡು ಗುರುತು ಮರೆಸುವುದಕ್ಕಿಂತ ಕಠಿನತರವಾದ ವಿದ್ಯೆ.

2018ರ ಜನವರಿಯಲ್ಲಿ ಓಜ್ಕುಲರು ತೀರಿಕೊಂಡಾಗ ಅವರಿಗೆ ತೊಂಬತ್ತೆರಡು ವರ್ಷ. ತುರ್ಕಿಯ ಚಿತ್ರಗಳನ್ನು ತರಿಸಿ ತೋರಿಸುವ ನಮ್ಮ ಚಿತ್ರಸಮಾಜಗಳು ಉತ್ಸವಗಳಲ್ಲಿ ಗೆದ್ದುಬಂದವುಗಳಿಗೆ ಮಾತ್ರ ಕೈಚಾಚದೆ, ಈ ಮೂವರು ತಂದೆಯರ ಹಾಗೂ ಆ ಒಬ್ಬ ಉಪಾಧ್ಯಾಯರ ಚಿತ್ರಗಳನ್ನು ಒಂದೇ ವಾರದಲ್ಲಿ, ಒಂದರ ಬೆನ್ನಿಗೊಂದರಂತೆ, ಕನ್ನಡದ ಅಡಿಬರಹಗಳೊಡನೆ ಪ್ರದರ್ಶಿಸಬೇಕು.